ಬೆಂಗಳೂರಿನಲ್ಲೇ ಎಲೆಕ್ಟ್ರಿಕ್ ಸ್ಕೂಟರ್ ಯಾಕೆ ಇಷ್ಟು ಜಾಸ್ತಿ?
ಇವುಗಳಲ್ಲಿ ಎಷ್ಟೋ ಮೊದಲು ಮಾರಾಟಕ್ಕೆ ಬಂದಿದ್ದೇ ಇಲ್ಲಿ. 2018ರಲ್ಲಿ ಏಥರ್ 450 ಬೆಂಗಳೂರಿನಲ್ಲೇ ಶುರುವಾಯಿತು. 2020ರ ಜನವರಿಯಲ್ಲಿ ಟಿವಿಎಸ್ ಐಕ್ಯೂಬ್ ಕೂಡ ಇಲ್ಲೇ ಬಿಡುಗಡೆಯಾಯಿತು. ಅದೇ ತಿಂಗಳು ಬಂದ ಬಜಾಜ್ ಚೇತಕ್‌ಗೆ ಮೊದಲ ಊರುಗಳು ಪುಣೆ ಮತ್ತು ಬೆಂಗಳೂರು. ಹೊಸೂರಿನ ಟಿವಿಎಸ್ ಕಾರ್ಖಾನೆ ನಮಗೆ ಪಕ್ಕದಲ್ಲೇ ಅಲ್ವಾ?

ಇನ್ನೊಂದು ಕಾರಣ ಟ್ರಾಫಿಕ್. ಸಿಲ್ಕ್ ಬೋರ್ಡ್ ಸಿಗ್ನಲ್‌ನಲ್ಲಿ ನಿಂತಾಗ ಪೆಟ್ರೋಲ್ ಗಾಡಿ ಸುಮ್ನೆ ಎಣ್ಣೆ ಕುಡಿಯುತ್ತದೆ. ಎಲೆಕ್ಟ್ರಿಕ್ ಗಾಡಿಯ ಮೋಟಾರ್ ನಿಂತೇ ಇರುತ್ತದೆ.

ಆದರೆ ಬೆಲೆಯ ಲೆಕ್ಕ ಮೊದಲಿನಂತಿಲ್ಲ. ಎಲೆಕ್ಟ್ರಿಕ್ ಗಾಡಿಗಳಿಗೆ ಕೇಂದ್ರ ಕೊಡುತ್ತಿದ್ದ ಫೇಮ್ ಸಬ್ಸಿಡಿಯ ಮಿತಿ 2023ರ ಜೂನ್‌ನಲ್ಲಿ ಗಾಡಿ ಬೆಲೆಯ 40%ನಿಂದ 15%ಗೆ ಇಳಿಯಿತು. 2025ರ ಸೆಪ್ಟೆಂಬರ್ 22ರಿಂದ 350 ಸಿಸಿವರೆಗಿನ ಪೆಟ್ರೋಲ್ ಗಾಡಿಗಳ ಜಿಎಸ್‌ಟಿ 28%ನಿಂದ 18%ಗೆ ಬಂತು. ಎಲೆಕ್ಟ್ರಿಕ್‌ಗೆ 5% ಹಾಗೇ ಉಳಿಯಿತು. ಅಂದರೆ ಎರಡರ ನಡುವಿನ ತೆರಿಗೆ ಅಂತರ ಕಡಿಮೆಯಾಗಿದೆ.

ನನ್ನ ಕೇಳಿದರೆ, ಬೆಲೆಗಿಂತ ಮೊದಲು ಚಾರ್ಜಿಂಗ್ ಬಗ್ಗೆ ಮನೆ ಓನರ್ ಹತ್ತಿರ ಮಾತಾಡಿ. ನಮ್ಮ ಬೀದಿಯಲ್ಲಿ ಒಬ್ಬರು ಎರಡನೇ ಮಹಡಿ ಕಿಟಕಿಯಿಂದ ವೈರ್ ಇಳಿಬಿಟ್ಟು ಚಾರ್ಜ್ ಮಾಡುತ್ತಾರೆ. ಮಳೆ ಬಂದರೆ ಓಡಿ ಹೋಗಿ ಸುತ್ತಿಡಬೇಕು.