ಗೇಮ್ ಎಲ್ಲಿಡಬೇಕು, ಸೇವ್ ಎಲ್ಲಿರುತ್ತದೆ? ಓದುಗರ ಪ್ರಶ್ನೆಗಳಿಗೆ ಉತ್ತರ

ಹೋದ ತಿಂಗಳು ಸೋನಿಯವರ ಹಳೆಯ ಕೈಗೇಮ್ ಯಂತ್ರ ಪಿಎಸ್‌ಪಿ ಬಗ್ಗೆ ಒಬ್ಬರಿಗೆ ನಾಲ್ಕು ಸಾಲಿನ ಉತ್ತರ ಬರೆದಿದ್ದೆ. ಅದಾದ ಮೇಲೆ ಬಂದ ಪ್ರಶ್ನೆಗಳಲ್ಲಿ ಮುಕ್ಕಾಲು ಪಾಲು ಇದೇ ವಿಷಯದವು. ಹಾಗಾಗಿ ಈ ಸಲ ಪೂರ್ತಿ ಪುಟ ಇದಕ್ಕೇ. ಹೊಸಬರಿಗೆ ಒಂದು ಮಾತು: ಹೋಮ್‌ಬ್ರೂ ಅಂದರೆ ಕಂಪನಿಯವರಲ್ಲ, ಹವ್ಯಾಸಿಗಳು ತಾವೇ ಬರೆದು ಪುಕ್ಕಟೆ ಹಂಚುವ ಗೇಮ್ ಮತ್ತು ಸಾಫ್ಟ್‌ವೇರ್. ಕಸ್ಟಮ್ ಫರ್ಮ್‌ವೇರ್ ಅಂದರೆ ಅಂಥವನ್ನು ಓಡಿಸಲು ತಿದ್ದಿದ, ಯಂತ್ರದ ಮೂಲ ಸಾಫ್ಟ್‌ವೇರ್. ಸೇವ್ ಅಂದರೆ ಎಲ್ಲಿವರೆಗೆ ಆಡಿದ್ದೀರಿ ಅನ್ನುವ ದಾಖಲೆ.

ಪ್ರಶ್ನೆ: ನಮಸ್ಕಾರ ಸರ್. ನಮ್ಮ ಮಾವ ದುಬೈನಿಂದ ತಂದಿದ್ದ ಪಿಎಸ್‌ಪಿ 3000 ಈಗ ನನ್ನ ಹತ್ತಿರ ಇದೆ. ಕಸ್ಟಮ್ ಫರ್ಮ್‌ವೇರ್ ಗೆಳೆಯ ಹಾಕಿಕೊಟ್ಟ. ಹೋಮ್‌ಬ್ರೂ ಗೇಮ್‌ಗಳನ್ನು ಕಾರ್ಡಿಗೆ ಕಾಪಿ ಮಾಡಿದೆ. ಕೆಲವು ಕಾಣಿಸುವುದೇ ಇಲ್ಲ, ಕೆಲವು ‘ಕರಪ್ಟೆಡ್ ಡೇಟಾ’ ಅಂತ ತೋರಿಸುತ್ತವೆ. ಫೈಲ್ ಕೆಟ್ಟಿವೆಯೋ, ಯಂತ್ರ ಕೆಟ್ಟಿದೆಯೋ? ನಮ್ಮಪ್ಪ ಮೊದಲು ಪ್ರೆಸ್ಸಿನಲ್ಲಿ ಅಚ್ಚಿನ ಮೊಳೆ ಜೋಡಿಸುತ್ತಿದ್ದರು, ಈ ವಿಷಯ ಅವರನ್ನು ಕೇಳಿದರೆ ನಗುತ್ತಾರೆ. (ಓದುಗರು, ಬೆಟಗೇರಿ)

ಉತ್ತರ: ಹೆಚ್ಚಾಗಿ ಎರಡೂ ಕೆಟ್ಟಿರುವುದಿಲ್ಲ. ಮತ್ತೆ, ಇದನ್ನು ನಿಮಗೆ ಚೆನ್ನಾಗಿ ತಿಳಿಸಿ ಹೇಳಬಲ್ಲವರು ನಿಮ್ಮಪ್ಪನೇ. ಮೊಳೆ ಜೋಡಿಸುವವರು ಅಕ್ಷರಗಳ ಖಾನೆಗಳಿರುವ ಕೇಸಿನ ಕಡೆ ನೋಡುವುದೇ ಇಲ್ಲ, ಕಣ್ಣು ಕಾಗದದ ಮೇಲಿರುತ್ತದೆ, ಕೈ ತಾನಾಗಿ ಖಾನೆಗೆ ಹೋಗುತ್ತದೆ. ‘ಕ’ ಇರಬೇಕಾದ ಖಾನೆಯಲ್ಲಿ ‘ಕ’ ಇಲ್ಲದಿದ್ದರೆ ಆ ಅಕ್ಷರ ಪಕ್ಕದ ಖಾನೆಯಲ್ಲೇ ಬಿದ್ದಿದ್ದರೂ ಕೈಗೆ ಸಿಗುವುದಿಲ್ಲ, ಅಲ್ವಾ? ಪಿಎಸ್‌ಪಿಯೂ ಹಾಗೇ. ಅದು ಕಾರ್ಡ್ ಪೂರ್ತಿ ಹುಡುಕುವುದಿಲ್ಲ. ಗೊತ್ತಿರುವ ಒಂದೇ ದಾರಿಯಲ್ಲಿ ಹೋಗಿ ನೋಡುತ್ತದೆ.

ಆ ದಾರಿ ಹೀಗಿದೆ. ಕಾರ್ಡಿನಲ್ಲಿ ‘ಪಿಎಸ್‌ಪಿ’ ಅನ್ನುವ ಫೋಲ್ಡರ್. ಅದರೊಳಗೆ ‘ಗೇಮ್’ ಫೋಲ್ಡರ್. ಅದರೊಳಗೆ ಒಂದೊಂದು ಹೋಮ್‌ಬ್ರೂಗೂ ಒಂದೊಂದು ಫೋಲ್ಡರ್. ಆ ಫೋಲ್ಡರಿನ ಒಳಗೆ ನೇರವಾಗಿ ‘ಇಬೂಟ್ ಡಾಟ್ ಪಿಬಿಪಿ’ ಅನ್ನುವ ಫೈಲ್ ಇರಬೇಕು, ಗೇಮ್ ಶುರುವಾಗುವುದು ಅದರಿಂದಲೇ. ‘ನೇರವಾಗಿ’ ಅನ್ನುವ ಮಾತು ಮುಖ್ಯ. ನೀವು ಜಿಪ್ ಫೈಲನ್ನು ಬಿಚ್ಚಿದಾಗ ಕಂಪ್ಯೂಟರ್ ಜಿಪ್‌ನ ಹೆಸರಲ್ಲಿ ಒಂದು ಫೋಲ್ಡರ್ ಮಾಡುತ್ತದೆ, ಅದರೊಳಗೆ ಅದೇ ಹೆಸರಿನ ಇನ್ನೊಂದು ಫೋಲ್ಡರ್ ಇರುತ್ತದೆ, ಇಬೂಟ್ ಇರುವುದು ಆ ಎರಡನೆಯದರಲ್ಲಿ. ಹೊರಗಿನದನ್ನೇ ಎತ್ತಿ ಕಾರ್ಡಿಗೆ ಹಾಕಿದರೆ ಒಂದು ಮೆಟ್ಟಿಲು ಜಾಸ್ತಿ ಆಗುತ್ತದೆ. ಗೇಮ್ ಕಾಣಿಸುವುದಿಲ್ಲ. ನನಗೆ ಬರುವ ಹತ್ತು ದೂರುಗಳಲ್ಲಿ ಏಳೆಂಟು ಇದೇ ಆಗಿರುತ್ತವೆ. ಇನ್ನು ಕೆಲವು ಜಿಪ್‌ಗಳಲ್ಲಿ ‘ಪಿಎಸ್‌ಪಿ’ ಫೋಲ್ಡರಿನಿಂದಲೇ ಶುರುವಾದ ಪೂರ್ತಿ ದಾರಿ ಇರುತ್ತದೆ. ಅಂಥದ್ದನ್ನು ‘ಗೇಮ್’ ಒಳಗೆ ಹಾಕಬಾರದು, ಕಾರ್ಡಿನ ಬುಡಕ್ಕೆ ಹಾಕಿ ಬೆರೆಸಬೇಕು. ಆದ್ದರಿಂದ ಕಾಪಿ ಮಾಡುವ ಮೊದಲು ಒಮ್ಮೆ ಒಳಗೆ ಹೋಗಿ ಇಬೂಟ್ ಎಲ್ಲಿದೆ ಅಂತ ಕಣ್ಣಾರೆ ನೋಡಿ. ಜೊತೆಗಿರುವ ರೀಡ್‌ಮಿ ಫೈಲನ್ನೂ ಓದಿ. ಬರೆದವರು ಪಾಪ ಎಲ್ಲವನ್ನೂ ಅದರಲ್ಲಿ ಹೇಳಿರುತ್ತಾರೆ.

ಐಎಸ್‌ಒ (ಗೇಮ್ ಡಿಸ್ಕಿನ ಪೂರ್ತಿ ಪ್ರತಿ) ಮತ್ತು ಸಿಎಸ್‌ಒ (ಅದನ್ನೇ ಒತ್ತಿ ಚಿಕ್ಕದು ಮಾಡಿದ್ದು) ಫೈಲ್‌ಗಳ ಕಥೆ ಬೇರೆ. ಅವು ‘ಗೇಮ್’ ಒಳಗಲ್ಲ, ಕಾರ್ಡಿನ ಬುಡದಲ್ಲೇ ಇರುವ ‘ಐಎಸ್‌ಒ’ ಫೋಲ್ಡರಿನಲ್ಲಿ ಇರಬೇಕು. ಅದು ಇಲ್ಲದಿದ್ದರೆ ಇಂಗ್ಲಿಷಿನ ದೊಡ್ಡ ಅಕ್ಷರಗಳಲ್ಲಿ ನೀವೇ ಮಾಡಿಕೊಳ್ಳಿ.

ಈಗ ‘ಕರಪ್ಟೆಡ್ ಡೇಟಾ’. ಇದಕ್ಕೆ ಎರಡು ಕಾರಣ ನೋಡಿ. ಒಂದು, ನಿಮ್ಮ 3000 ಮಾದರಿಯಲ್ಲಿ ಕಸ್ಟಮ್ ಫರ್ಮ್‌ವೇರ್ ಎಷ್ಟೋ ಸಲ ಪೂರ್ತಿ ಕೂತಿರುವುದಿಲ್ಲ. ಬ್ಯಾಟರಿ ಖಾಲಿಯಾಗಿ ಯಂತ್ರ ಪೂರ್ತಿ ಆಫ್ ಆದರೆ ಹೋಗಿಬಿಡುತ್ತದೆ. ಆಗ ಹೋಮ್‌ಬ್ರೂ ನಡೆಯುವುದಿಲ್ಲ, 80020148 ಅನ್ನುವ ಎರರ್ ಬರಬಹುದು, ಐಎಸ್‌ಒಗಳಂತೂ ಕಾಣಿಸುವುದೇ ಇಲ್ಲ. ಸೆಟ್ಟಿಂಗ್ಸಿನಲ್ಲಿ ಸಿಸ್ಟಮ್ ಇನ್‌ಫರ್ಮೇಷನ್ ತೆಗೆದು ನೋಡಿ. ಬರೀ 6.60 ಅಥವಾ 6.61 ಅಂತ ಇದ್ದರೆ ಕಸ್ಟಮ್ ಫರ್ಮ್‌ವೇರ್ ಎದ್ದಿಲ್ಲ ಅಂತ ಅರ್ಥ. ಅದನ್ನು ಎಬ್ಬಿಸಲು ಗೆಳೆಯ ಹಾಕಿಕೊಟ್ಟ ಫಾಸ್ಟ್ ರಿಕವರಿಯನ್ನೋ ಲಾಂಚರನ್ನೋ ಮತ್ತೊಮ್ಮೆ ಓಡಿಸಿ. ದಿನಾ ಆಡುವವರು ಪವರ್ ಸ್ವಿಚ್ಚನ್ನು ಒಮ್ಮೆ ಸರಿಸಿ ಬಿಟ್ಟರೆ ಸಾಕು, ಯಂತ್ರ ಮಲಗುತ್ತದೆ, ಫರ್ಮ್‌ವೇರ್ ಉಳಿಯುತ್ತದೆ. ಸ್ವಿಚ್ಚನ್ನು ಹಿಡಿದುಕೊಂಡೇ ಇದ್ದರೆ ಪೂರ್ತಿ ಆಫ್.

ಎರಡನೆಯದು ಹಳೆಯ ಕಾಲದ್ದು. 1.50 ಫರ್ಮ್‌ವೇರ್ ಇದ್ದ ದಿನಗಳ ಹೋಮ್‌ಬ್ರೂಗಳು ಜೋಡಿ ಫೋಲ್ಡರ್‌ಗಳಲ್ಲಿ ಬರುತ್ತಿದ್ದವು. ಎರಡಕ್ಕೂ ಒಂದೇ ಹೆಸರು, ಒಂದರ ಕೊನೆಗೆ ಮಾತ್ರ ಶೇಕಡಾ ಗುರುತು. ಆಗಿನ ಯಂತ್ರವನ್ನು ಒಪ್ಪಿಸಲು ಮಾಡಿದ ಉಪಾಯ ಅದು. ಅಂಥ ಜೋಡಿಯಲ್ಲಿ ಒಂದು ‘ಕರಪ್ಟೆಡ್’ ಅಂತಲೇ ಕಾಣಿಸುತ್ತದೆ. ಈಗಿನ ಫರ್ಮ್‌ವೇರಿಗೆ ಆ ಜೋಡಿ ಬೇಕಿಲ್ಲ. ಅದೇ ಗೇಮಿನ ಹೊಸ ಆವೃತ್ತಿ ಹುಡುಕಿ ಹಾಕಿಕೊಳ್ಳಿ.

ಪ್ರಶ್ನೆ: ಅಣ್ಣಾ, ನನ್ನ ಪಿಎಸ್‌ಪಿಯಲ್ಲಿ ಎಪ್ಪತ್ತಕ್ಕಿಂತ ಜಾಸ್ತಿ ಐಟಂ ಇವೆ. ಬೇಕಾದ್ದನ್ನು ಹುಡುಕುವುದರಲ್ಲೇ ಉಣಕಲ್‌ನಿಂದ ಧಾರವಾಡ ಬಂದುಬಿಡುತ್ತದೆ. ಫೋಲ್ಡರ್ ಮಾಡಿ ಬೇರೆ ಬೇರೆ ಇಡಬಹುದಾ? ಹೆಸರು ಬದಲಿಸಿದರೆ ಸೇವ್ ಹೋಗುತ್ತದಾ? ತಮ್ಮನ ಹತ್ತಿರ ನಿಂಟೆಂಡೊ ಡಿಎಸ್ ಮತ್ತು ಆರ್4 ಕಾರ್ಡ್ ಇದೆ, ಅವನೂ ಕೇಳುತ್ತಿದ್ದಾನೆ. (ಓದುಗ, ವಿದ್ಯಾನಗರ, ಹುಬ್ಬಳ್ಳಿ)

ಉತ್ತರ: ತಮ್ಮಾ, ಫೋಲ್ಡರ್ ಮಾಡುವ ಮೊದಲು ಒಂದು ಕೆಲಸ ಮಾಡು. ‘ಪಿಎಸ್‌ಪಿ’ ಒಳಗೆ ‘ಸೇವ್‌ಡೇಟಾ’ ಅನ್ನುವ ಫೋಲ್ಡರ್ ಇದೆ. ಅದನ್ನು ಪೂರ್ತಿಯಾಗಿ ಕಂಪ್ಯೂಟರಿಗೆ ಕಾಪಿ ಮಾಡಿ ತಾರೀಖು ಬರೆದಿಡು. ನಾನೂ ಒಂದು ಸಲ ಇಂಥದ್ದೇ ಕ್ಲೀನ್ ಮಾಡಲು ಕೂತಿದ್ದೆ. ಸೇವ್‌ಡೇಟಾ ಒಳಗೆ ಅರ್ಥವಾಗದ ಅಕ್ಷರ, ಅಂಕಿಗಳ ಹೆಸರಿನ ಫೋಲ್ಡರ್‌ಗಳಿದ್ದವು. ಕಸ ಅಂದುಕೊಂಡು ಅಳಿಸಿದೆ. ನನ್ನ ಚಿಕ್ಕಪ್ಪನ ಮಗ ಬೇಸಿಗೆ ರಜೆ ಪೂರ್ತಿ ಕೂತು ಆಡಿದ್ದೆಲ್ಲ ಅದರಲ್ಲಿತ್ತು. ಅವನು ಅವತ್ತು ಒಂದು ಮಾತೂ ಆಡಲಿಲ್ಲ, ಪಿಎಸ್‌ಪಿಯನ್ನು ಮೇಜಿನ ಮೇಲಿಟ್ಟು ಎದ್ದುಹೋದ. ಇವತ್ತಿಗೂ ಅದು ನನ್ನ ಕಣ್ಣ ಮುಂದಿದೆ. ಆ ಅಕ್ಷರ, ಅಂಕಿಗಳು ಗೇಮಿನ ಗುರುತಿನ ನಂಬರ್. ಯುಎಲ್‌ಯುಎಸ್ ಅಂತ ಶುರುವಾದರೆ ಅಮೆರಿಕದ್ದು, ಯುಎಲ್‌ಇಎಸ್ ಅಂದರೆ ಯುರೋಪಿನದ್ದು.

ಆ ನಂಬರ್ ಐಎಸ್‌ಒ ಫೈಲಿನ ಒಳಗೇ ಇರುತ್ತದೆ. ಹೊರಗಿನ ಫೈಲಿಗೆ ನೀನು ಯಾವ ಹೆಸರಿಟ್ಟರೂ ಪಿಎಸ್‌ಪಿ ಒಳಗಿನ ನಂಬರ್ ನೋಡಿಯೇ ಸೇವ್ ಹುಡುಕುತ್ತದೆ. ಪರದೆಯ ಮೇಲೆ ಕಾಣುವ ಹೆಸರೂ ಒಳಗಿನಿಂದಲೇ ಬರುತ್ತದೆ. ಹಾಗಾಗಿ ಐಎಸ್‌ಒ ಹೆಸರನ್ನು ಧೈರ್ಯವಾಗಿ ಬದಲಿಸು. ಇಂಗ್ಲಿಷ್ ಅಕ್ಷರ, ಅಂಕಿ ಮಾತ್ರ ಬಳಸು, ಹೆಸರು ಚಿಕ್ಕದಿರಲಿ. ಆದರೆ ಅದೇ ಗೇಮಿನ ಅಮೆರಿಕದ ಪ್ರತಿ ತೆಗೆದು ಯುರೋಪಿನದ್ದು ಹಾಕಿದರೆ ನಂಬರ್ ಬೇರೆ, ಹಳೆಯ ಸೇವ್ ಸಾಮಾನ್ಯವಾಗಿ ಸಿಗುವುದಿಲ್ಲ. ಸೇವ್ ಫೋಲ್ಡರಿನ ಹೆಸರನ್ನಂತೂ ಮುಟ್ಟಲೇಬೇಡ.

ಡಿಎಸ್‌ನಲ್ಲಿ ಇದು ಪೂರ್ತಿ ಉಲ್ಟಾ, ತಮ್ಮನಿಗೆ ಸರಿಯಾಗಿ ಹೇಳು. ಆರ್4 ಅಂದರೆ ಮೈಕ್ರೊಎಸ್‌ಡಿಯಲ್ಲಿರುವ ಗೇಮ್‌ಗಳನ್ನು ಡಿಎಸ್‌ನಲ್ಲಿ ಓಡಿಸುವ ಕಾರ್ಡ್. ಅಂಥ ಕಾರ್ಡ್ ಸೇವನ್ನು ಹುಡುಕುವುದು ಫೈಲಿನ ಹೆಸರಿನಿಂದಲೇ. ಗೇಮ್ ಫೈಲಿನ ಕೊನೆಗೆ ‘ಎನ್‌ಡಿಎಸ್’, ಸೇವ್ ಫೈಲಿನ ಕೊನೆಗೆ ‘ಎಸ್‌ಎವಿ’, ಚುಕ್ಕೆಯ ಹಿಂದಿನ ಹೆಸರು ಎರಡಕ್ಕೂ ಒಂದೇ ಇರಬೇಕು. ಗೇಮಿನ ಹೆಸರು ಬದಲಿಸಿ ಸೇವ್ ಹೆಸರು ಹಾಗೇ ಬಿಟ್ಟರೆ ಕಾರ್ಡ್ ಹೊಸ ಖಾಲಿ ಸೇವ್ ಮಾಡಿಕೊಳ್ಳುತ್ತದೆ, ಗೇಮ್ ಮೊದಲಿನಿಂದ ಶುರು. ಹುಡುಗರು ಸೇವ್ ಹೋಯಿತು ಅಂತ ಅಳುತ್ತಾರೆ. ಹೋಗಿರುವುದಿಲ್ಲ, ಹಳೆಯ ಹೆಸರಲ್ಲಿ ಅಲ್ಲೇ ಕೂತಿರುತ್ತದೆ, ಹೆಸರು ಸರಿ ಮಾಡಿದರೆ ವಾಪಸ್. ಗೇಮ್ ಆರಿಸಿ ಓಡಿಸುವ ಟ್ವೈಲೈಟ್ ಮೆನು ಅನ್ನುವ ಹೋಮ್‌ಬ್ರೂ ಬಳಸುತ್ತಿದ್ದರೆ ಸೇವ್‌ಗಳು ಗೇಮ್ ಇರುವ ಫೋಲ್ಡರಿನೊಳಗೆ ‘ಸೇವ್ಸ್’ ಅನ್ನುವ ಇನ್ನೊಂದು ಫೋಲ್ಡರಿನಲ್ಲಿರುತ್ತವೆ. ಗೇಮನ್ನು ಬೇರೆ ಕಡೆ ಸರಿಸಿದರೆ ಸೇವನ್ನೂ ಜೊತೆಗೆ ಕರೆದುಕೊಂಡು ಹೋಗಬೇಕು. ಕಾರ್ಡಿನ ಬುಡದಲ್ಲಿರುವ ‘ಅಂಡರ್‌ಸ್ಕೋರ್ ಎನ್‌ಡಿಎಸ್’ ಫೋಲ್ಡರ್ ಮಾತ್ರ ಮೆನುವಿನದ್ದು, ಅದನ್ನು ಸರಿಸಬಾರದು. ಇನ್ನೊಂದು ವಿಷಯ, ಮೊದಮೊದಲು ಬಂದ ಅಸಲಿ ಆರ್4 ಕಾರ್ಡ್ 2 ಜಿಬಿಗಿಂತ ದೊಡ್ಡ ಮೈಕ್ರೊಎಸ್‌ಡಿ ಓದುವುದಿಲ್ಲ.

ಇನ್ನು ನಿನ್ನ ಎಪ್ಪತ್ತು ಐಟಂ. ಹಲವು ಕಸ್ಟಮ್ ಫರ್ಮ್‌ವೇರ್‌ಗಳಲ್ಲಿ ಸುಮ್ನೆ ಒಳ ಫೋಲ್ಡರ್ ಮಾಡಿ ಹಾಕಿದರೆ ಅದರಲ್ಲಿರುವುದು ಕಾಣಿಸುವುದಿಲ್ಲ. ಗೇಮ್ ಕ್ಯಾಟಗರೀಸ್ ಲೈಟ್ ಅನ್ನುವ ಪ್ಲಗಿನ್ (ಫರ್ಮ್‌ವೇರಿನ ಜೊತೆ ಓಡುವ ಪುಟ್ಟ ಸಾಫ್ಟ್‌ವೇರ್) ಬೇಕು. ಅದರ ಫೈಲನ್ನು ‘ಎಸ್‌ಇಪ್ಲಗಿನ್ಸ್’ ಫೋಲ್ಡರಿನಲ್ಲಿಟ್ಟು, ಅಲ್ಲೇ ಇರುವ ‘ವಿಎಸ್‌ಎಚ್ ಡಾಟ್ ಟಿಎಕ್ಸ್‌ಟಿ’ಯಲ್ಲಿ ಅದರ ದಾರಿ ಬರೆದು, ಒಂದು ಜಾಗ ಬಿಟ್ಟು 1 ಹಾಕು. 1 ಅಂದರೆ ಆನ್, 0 ಅಂದರೆ ಆಫ್. ಇಲ್ಲಿ ಎಡವುವ ಜಾಗ ಒಂದಿದೆ: ವಿಂಡೋಸ್ ಫೈಲಿನ ಬಾಲವನ್ನು, ಅಂದರೆ ಹೆಸರಿನ ಕೊನೆಯ ಚುಕ್ಕೆಯ ನಂತರದ ಭಾಗವನ್ನು, ಮುಚ್ಚಿಡುತ್ತದೆ. ನೀನು ವಿಎಸ್‌ಎಚ್ ಡಾಟ್ ಟಿಎಕ್ಸ್‌ಟಿ ಅಂತ ಹೆಸರಿಟ್ಟರೆ ಅದು ಒಳಗೊಳಗೆ ಎರಡು ಬಾಲದ ಫೈಲ್ ಆಗಿರಬಹುದು. ಎಕ್ಸ್‌ಪ್ಲೋರರಿನ ವ್ಯೂ ಮೆನುವಿನಲ್ಲಿ ಫೈಲ್ ನೇಮ್ ಎಕ್ಸ್‌ಟೆನ್ಷನ್ಸ್ ಟಿಕ್ ಮಾಡಿಕೊಂಡೇ ಕೂತುಕೋ. ಆಮೇಲೆ ಒಂದೊಂದು ಗುಂಪಿಗೂ ‘ಐಎಸ್‌ಒ’ ಒಳಗೊಂದು, ‘ಗೇಮ್’ ಒಳಗೊಂದು, ಒಂದೇ ಹೆಸರಿನ ಫೋಲ್ಡರ್ ಮಾಡು. ಗುಂಪು ನಾಲ್ಕೈದು ಸಾಕು: ಈಗ ಆಡುತ್ತಿರುವುದು, ಮುಗಿಸಿದ್ದು, ಹೋಮ್‌ಬ್ರೂ, ಎಮ್ಯುಲೇಟರ್ (ಬೇರೆ ಯಂತ್ರದ ಗೇಮ್ ಓಡಿಸುವಂಥದ್ದು), ಉಪಕರಣ. ರೇಸಿಂಗ್, ಫೈಟಿಂಗ್, ಪಜಲ್ ಅಂತ ಹದಿನೈದು ಗುಂಪು ಮಾಡಿದವರನ್ನು ನೋಡಿದ್ದೇನೆ, ತಿಂಗಳಲ್ಲೇ ಯಾವುದು ಎಲ್ಲಿದೆ ಅಂತ ಮರೆಯುತ್ತಾರೆ. ಫಾಸ್ಟ್ ರಿಕವರಿಯನ್ನು ಮಾತ್ರ ಗುಂಪಿನೊಳಗೆ ಹಾಕಬೇಡ, ಹೊರಗೇ ಇರಲಿ. ಫರ್ಮ್‌ವೇರ್ ಹೋದಾಗ ಪ್ಲಗಿನ್ನೂ ಇರುವುದಿಲ್ಲ, ಆಗ ಒಳಗಿದ್ದದ್ದು ಕಾಣಿಸುವುದಿಲ್ಲ.

ಪ್ರಶ್ನೆ: ಸಂತೆಯಲ್ಲಿ ಅಗ್ಗಕ್ಕೆ 128 ಜಿಬಿ ಕಾರ್ಡ್ ತಗೊಂಡೆ. ಪಿಎಸ್‌ಪಿ ಅಡಾಪ್ಟರಿಗೆ ಹಾಕಿದರೆ ಮೊದಲು ಓದಲೇ ಇಲ್ಲ. ಫಾರ್ಮ್ಯಾಟ್ ಮಾಡಿದ ಮೇಲೆ ಓದಿತು, ಆದರೆ ಮೊದಲ ಹತ್ತು ಗೇಮ್ ನಡೆಯುತ್ತವೆ, ಆಮೇಲೆ ಹಾಕಿದವು ಮಧ್ಯದಲ್ಲೇ ನಿಲ್ಲುತ್ತವೆ. (ಹಾಸ್ಟೆಲ್ ವಿದ್ಯಾರ್ಥಿ, ಧಾರವಾಡ)

ಉತ್ತರ: ಎರಡು ಬೇರೆ ಬೇರೆ ತೊಂದರೆ. ಮೊದಲನೆಯದು ಸಹಜ: 64 ಜಿಬಿಯಿಂದ ಮೇಲಿನ ಕಾರ್ಡ್‌ಗಳು ಎಕ್ಸ್‌ಫ್ಯಾಟ್ ಅನ್ನುವ ಫಾರ್ಮ್ಯಾಟಿನಲ್ಲಿ ಬರುತ್ತವೆ, ಪಿಎಸ್‌ಪಿಗೆ ಫ್ಯಾಟ್32 ಅನ್ನುವ ಫಾರ್ಮ್ಯಾಟ್ ಬೇಕು. ಎರಡನೆಯದನ್ನು ನೋಡಿದರೆ ನಿಮ್ಮ ಕಾರ್ಡ್ ನಕಲಿ ಅನ್ನಿಸುತ್ತದೆ. ಒಳಗೆ 16 ಜಿಬಿ ಇದ್ದರೂ 128 ಅಂತ ಸುಳ್ಳು ಹೇಳುವ ಕಾರ್ಡ್‌ಗಳಿವೆ. ತುಂಬಿದ ಮೇಲೆ ಬರೆದದ್ದು ಎಲ್ಲೂ ಉಳಿಯುವುದಿಲ್ಲ, ಆದರೆ ಹೆಸರು ಮಾತ್ರ ಪಟ್ಟಿಯಲ್ಲಿ ಕಾಣುತ್ತದೆ. ಕಾರ್ಡಿನಲ್ಲಿರುವುದನ್ನೆಲ್ಲ ತೆಗೆದಿಟ್ಟು, ವಿಂಡೋಸ್‌ನಲ್ಲಾದರೆ ಎಚ್2ಟೆಸ್ಟ್‌ಡಬ್ಲ್ಯು, ಲಿನಕ್ಸ್ ಅಥವಾ ಮ್ಯಾಕ್‌ನಲ್ಲಾದರೆ ಎಫ್3 ಓಡಿಸಿ. ಇವು ಕಾರ್ಡನ್ನು ಪೂರ್ತಿ ಬರೆದು ಮತ್ತೆ ಓದಿ ತಾಳೆ ನೋಡುತ್ತವೆ. ಗಂಟೆಗಟ್ಟಲೆ ಹಿಡಿಯುತ್ತದೆ, ರಾತ್ರಿ ಹಚ್ಚಿ ಮಲಗಿ. ನಕಲಿ ಅಂತ ಗೊತ್ತಾದರೆ ಅದಕ್ಕೆ ಸೇವ್ ನಂಬಿಕೊಡಬೇಡಿ. ಒಳ್ಳೆಯ 32 ಜಿಬಿ ಕಾರ್ಡ್ ಸಾಕು. ಪಿಎಸ್‌ಪಿಯ ಯುಎಂಡಿ ಡಿಸ್ಕಿನಲ್ಲಿ ಹಿಡಿಯುವುದೇ ಹೆಚ್ಚೆಂದರೆ 1.8 ಜಿಬಿ, ಹೋಮ್‌ಬ್ರೂಗಳಂತೂ ಎಷ್ಟೋ ಸಲ ಕೆಲವೇ ಎಂಬಿ. ನಿಮ್ಮದು ಎರಡು ಕಾರ್ಡ್ ಹಾಕುವ ಅಡಾಪ್ಟರ್ ಆಗಿದ್ದರೆ ಒಂದು ಮಾತು ನೆನಪಿರಲಿ: ಅದು ಡೇಟಾವನ್ನು ಎರಡರಲ್ಲೂ ಹಂಚಿ ಬರೆಯುತ್ತದೆ, ಒಂದನ್ನು ತೆಗೆದರೆ ಎರಡರಲ್ಲಿದ್ದದ್ದೂ ಹೋದಂತೆ.

ಪ್ರಶ್ನೆ: ನಮ್ಮ ಮಗನ ನಿಂಟೆಂಡೊ 3ಡಿಎಸ್ ಕಾರ್ಡ್ ತುಂಬಿದೆ. ಕಂಪ್ಯೂಟರಿಗೆ ಹಚ್ಚಿ ನೋಡಿದರೆ ಒಂದು ಫೋಲ್ಡರಿನೊಳಗೆ ಉದ್ದುದ್ದ ಹೆಸರಿನ ಫೋಲ್ಡರ್‌ಗಳಿವೆ, ಒಂದೂ ಓದಲು ಬರುವುದಿಲ್ಲ. ಅಳಿಸಿದರೆ ನಡೆಯುತ್ತದೆಯೇ? ಅವನು ಸಾಲಿಗೆ ಹೋಗಿದ್ದಾನೆ. (ಓದುಗರು, ರಾಣೆಬೆನ್ನೂರು)

ಉತ್ತರ: ಅಕ್ಕಾರೇ, ದಯವಿಟ್ಟು ಬೇಡ. ಅವನು ಸಾಲಿಯಿಂದ ಬರಲಿ. ‘ನಿಂಟೆಂಡೊ 3ಡಿಎಸ್’ ಅನ್ನುವ ಆ ಫೋಲ್ಡರಿನಲ್ಲಿ ಇನ್‌ಸ್ಟಾಲ್ ಮಾಡಿದ ಗೇಮ್‌ಗಳೂ ಅವುಗಳ ಸೇವ್‌ಗಳೂ ಗುಪ್ತಲಿಪಿಯಲ್ಲಿರುತ್ತವೆ, ಆ ಉದ್ದ ಹೆಸರುಗಳು ಆ ಯಂತ್ರಕ್ಕೇ ಸೇರಿದವು. ಹೆಸರು ಬದಲಿಸಿದರೂ ಯಂತ್ರಕ್ಕೆ ಏನೂ ಕಾಣಿಸುವುದಿಲ್ಲ. ‘ಬೂಟ್ ಡಾಟ್ ಫರ್ಮ್’ ಫೈಲ್, ‘ಲೂಮಾ’ ಫೋಲ್ಡರ್ ಕಸ್ಟಮ್ ಫರ್ಮ್‌ವೇರಿನವು, ಇವನ್ನೂ ಮುಟ್ಟಬೇಡಿ. ಮಗನಿಗೆ ಇಷ್ಟು ಹೇಳಿ: ಮೊದಲು ಚೆಕ್‌ಪಾಯಿಂಟ್ ಅನ್ನುವ ಹೋಮ್‌ಬ್ರೂನಿಂದ ಸೇವ್‌ಗಳ ಪ್ರತಿ ತೆಗೆಯಲಿ, ಅವು ‘3ಡಿಎಸ್’ ಫೋಲ್ಡರಿನೊಳಗಿನ ‘ಚೆಕ್‌ಪಾಯಿಂಟ್’ನಲ್ಲಿ ಕೂರುತ್ತವೆ, ಅದನ್ನು ಕಂಪ್ಯೂಟರಿಗೆ ಹಾಕಿಕೊಳ್ಳಲಿ. ಆಮೇಲೆ ಗೇಮ್ ಇನ್‌ಸ್ಟಾಲ್ ಮಾಡಲು ಬಳಸಿದ ‘ಸಿಐಎ’ ಬಾಲದ ಫೈಲ್‌ಗಳನ್ನು ಹುಡುಕಲಿ. ಇನ್‌ಸ್ಟಾಲ್ ಮುಗಿದ ಮೇಲೆ ಅವು ಬೇಕಿಲ್ಲ, ಒಂದೇ ಗೇಮ್ ಎರಡು ಸಲ ಜಾಗ ತಿನ್ನುತ್ತಿರುತ್ತದೆ. ಎಷ್ಟೋ ಕಾರ್ಡ್ ಅಷ್ಟರಲ್ಲೇ ಅರ್ಧ ಖಾಲಿಯಾಗುತ್ತದೆ. ಇನ್‌ಸ್ಟಾಲ್ ಆದ ಗೇಮ್ ತೆಗೆಯುವುದಿದ್ದರೆ ಯಂತ್ರದ ಸೆಟ್ಟಿಂಗ್ಸಿನ ಡೇಟಾ ಮ್ಯಾನೇಜ್‌ಮೆಂಟಿನಿಂದಲೇ ತೆಗೆಯಲಿ, ಕಂಪ್ಯೂಟರಿನಿಂದ ಬೇಡ.

ಪ್ರಶ್ನೆ: ಗೇಮ್ ಎಲ್ಲಿ ಸಿಗುತ್ತವೆ, ಲಿಂಕ್ ಕೊಡಿ. (ಓದುಗ, ಹಾವೇರಿ)

ಉತ್ತರ: ಕಂಪನಿ ಗೇಮ್‌ಗಳ ಲಿಂಕ್ ಕೊಡುವುದಿಲ್ಲ. ನಿಮ್ಮ ಹತ್ತಿರ ಯುಎಂಡಿ ಡಿಸ್ಕ್ ಇದ್ದರೆ ನೀವೇ ಐಎಸ್‌ಒ ಮಾಡಿಕೊಳ್ಳಬಹುದು: ಕಸ್ಟಮ್ ಫರ್ಮ್‌ವೇರಿನಲ್ಲಿ ಸೆಲೆಕ್ಟ್ ಒತ್ತಿದರೆ ಬರುವ ಮೆನುವಿನಲ್ಲಿ ಯುಎಸ್‌ಬಿ ಡಿವೈಸ್ ಅನ್ನುವುದನ್ನು ಯುಎಂಡಿ ಡಿಸ್ಕ್ ಅಂತ ಬದಲಿಸಿ ಕಂಪ್ಯೂಟರಿಗೆ ಹಚ್ಚಿ, ಡಿಸ್ಕು ಒಂದೇ ಫೈಲ್ ಆಗಿ ಕಾಣುತ್ತದೆ, ಕಾಪಿ ಮಾಡಿ. ಹೋಮ್‌ಬ್ರೂ ಬೇಕಿದ್ದರೆ ಡೂಮ್‌ನಿಂದ ಶುರು ಮಾಡಿ. 1993ರ ಗೇಮ್, ಅದರ ಸೋರ್ಸ್ ಕೋಡನ್ನು 1997ರಲ್ಲಿ ಬರೆದವರೇ ಬಿಟ್ಟುಕೊಟ್ಟರು, ಹಾಗಾಗಿ ಹವ್ಯಾಸಿಗಳು ಸಿಕ್ಕಸಿಕ್ಕ ಯಂತ್ರಕ್ಕೆಲ್ಲ ಅದನ್ನು ತಂದಿದ್ದಾರೆ. ಮೊದಲ ಭಾಗದ ಶೇರ್‌ವೇರ್ ಫೈಲ್ ಪುಕ್ಕಟೆಯಾಗಿ ಹಂಚಲೆಂದೇ ಮಾಡಿದ್ದು. ಆ ‘ಡಬ್ಲ್ಯುಎಡಿ’ ಬಾಲದ ಫೈಲನ್ನು ಇಬೂಟ್ ಪಕ್ಕದಲ್ಲೋ ರೀಡ್‌ಮಿ ಹೇಳಿದ ಫೋಲ್ಡರಿನಲ್ಲೋ ಇಡಬೇಕು. ಅದಿಲ್ಲದೆ ಓಡಿಸಿದರೆ ಪರದೆ ಕಪ್ಪಾಗಿ ಮತ್ತೆ ಮೆನುವಿಗೆ ಬರಬಹುದು. ಆಗ ಗೇಮ್ ಕೆಟ್ಟಿದೆ ಅಂತ ಅಳಿಸಬೇಡಿ, ಆ ಫೈಲ್ ಎಲ್ಲಿದೆ ನೋಡಿ.