ಸಂಪಾದಕರ ಉತ್ತರ: ಮಗಳು ಕಲಿಸ್ತೀನಿ ಅಂತಾಳೆ

ಕಲಬುರಗಿಯ ತಾಯಿಯೊಬ್ಬರು ಪತ್ರ ಬರೆದಿದ್ದಾರೆ. ಹೆಸರು ಹಾಕಬೇಡಿ ಅಂದಿದ್ದಾರೆ, ಹಾಕಿಲ್ಲ. ಮಗಳು ಹದಿನಾರನೇ ವಯಸ್ಸಿಗೆ ಮುಂಬೈಗೆ ಹೋಗಿ ಬ್ಯಾಲೆ ಎಂಬ ಯುರೋಪಿನ ನೃತ್ಯ ಕಲಿತಳು. ಕೆಲವು ವರ್ಷ ತಂಡಗಳ ಜೊತೆ ಕುಣಿದಳು. ಪಾದದ ಕೀಲು ಎರಡು ಸಲ ಪೆಟ್ಟಾಗಿ ಆಪರೇಷನ್ನೂ ಆಯಿತು. ಈಗ 29 ವರ್ಷ. ಊರಿಗೆ ವಾಪಸು ಬಂದು, ಮನೆಯ ಪಡಸಾಲೆಯಲ್ಲೇ ಮಕ್ಕಳಿಗೆ ಕಲಿಸುತ್ತೇನೆ ಅನ್ನುತ್ತಿದ್ದಾಳೆ. ತಾಯಿ ಕೇಳುತ್ತಾರೆ: "ಕುಣಿಯೋದು ಆಗ್ಲಿಲ್ಲ, ಅದಕ್ಕೇ ಕಲಿಸ್ತಾಳೆ ಅಂತ ಓಣಿಯವರು ಆಡಿಕೊಳ್ತಾರೆ. ಅಷ್ಟು ವರ್ಷ, ಅಷ್ಟು ದುಡ್ಡು ಹಾಳಾಯ್ತಾ? ಕಲಬುರಗಿಯಲ್ಲಿ ಬ್ಯಾಲೆ ಯಾರಿಗೆ ಬೇಕು? ಕಾಲ್ಬೆರಳ ತುದಿ ಮೇಲೆ ನಿಂತು ಕುಣಿಯೋಕೆ ಹಾಕ್ತಿದ್ದ ಅವಳ ಬೂಟುಗಳನ್ನ ನೋಡಿದ್ರೆ ಸಂಕಟ ಆಗ್ತದೆ, ಟ್ರಂಕಿನಲ್ಲಿ ಇಟ್ಟುಬಿಟ್ಟಿದ್ದೀನಿ."

ಅಕ್ಕಾ,

ಮೊದಲು ವಯಸ್ಸಿನ ಮಾತು. 29 ಅಂದರೆ ನಮಗೆ ಎಳೆ ವಯಸ್ಸು. ಬ್ಯಾಲೆಯಲ್ಲಿ ಹಾಗಲ್ಲ. ಮೂವತ್ತು ದಾಟಿದ ಮೇಲೆ ದೇಹ ಲೆಕ್ಕ ಕೇಳಲು ಶುರು ಮಾಡುತ್ತದೆ. ಪ್ಯಾರಿಸ್ ಒಪೆರಾದ ಬ್ಯಾಲೆ ತಂಡದಲ್ಲಿ ಎಷ್ಟೇ ದೊಡ್ಡ ಕಲಾವಿದರಾದರೂ 42ಕ್ಕೆ ನಿವೃತ್ತಿ. ಅಂದರೆ ಈ ಕಲೆಗೆ ಬಂದ ಪ್ರತಿಯೊಬ್ಬರಿಗೂ ಅರ್ಧ ಆಯುಷ್ಯದಲ್ಲಿ ಇನ್ನೊಂದು ಕೆಲಸ ಕಾದಿರುತ್ತದೆ. ನಿಮ್ಮ ಮಗಳಿಗೆ ಅದು ಕೆಲವು ವರ್ಷ ಬೇಗ ಬಂದಿದೆ, ಅಷ್ಟೇ.

ಈಗ ಓಣಿಯವರ ಮಾತು. ಇದಕ್ಕೆ ಉತ್ತರವಾಗಿ ನಿಮಗೆ ಒಬ್ಬ ಹೆಣ್ಣುಮಗಳ ಕಥೆ ಹೇಳಬೇಕು. ಹೆಸರು ಅಗ್ರಿಪ್ಪಿನಾ ವಗಾನೋವಾ. 1879ರಲ್ಲಿ ರಷ್ಯಾದ ಸೇಂಟ್ ಪೀಟರ್ಸ್‌ಬರ್ಗಿನಲ್ಲಿ ಹುಟ್ಟಿದವರು. ಅಪ್ಪ ಅಲ್ಲಿನ ಮರಿಯಿನ್ಸ್ಕಿ ಥಿಯೇಟರಿನಲ್ಲಿ ಪ್ರೇಕ್ಷಕರಿಗೆ ಸೀಟು ತೋರಿಸುವ ಕೆಲಸದಲ್ಲಿದ್ದರು. ಮಗಳು ಅದೇ ಥಿಯೇಟರಿನ ವೇದಿಕೆ ಹತ್ತಿದಳು. ಆದರೆ ಸುಲಭವಾಗಿ ಅಲ್ಲ. ಮೈಕಟ್ಟು ಬ್ಯಾಲೆಗೆ ಒಗ್ಗುವುದಿಲ್ಲ ಅನ್ನಿಸಿಕೊಂಡಳು. ಆ ಕಾಲದ ದೊಡ್ಡ ನೃತ್ಯ ಸಂಯೋಜಕ ಮರಿಯಸ್ ಪೆಟಿಪಾಗೆ ಅವಳ ಕುಣಿತ ಹಿಡಿಸಲೇ ಇಲ್ಲ. 1897ರಲ್ಲಿ ತಂಡ ಸೇರಿದವಳಿಗೆ ಬ್ಯಾಲೆರಿನಾ, ಅಂದರೆ ಮುಖ್ಯ ನರ್ತಕಿ, ಎಂಬ ಪದವಿ ಸಿಕ್ಕಿದ್ದು 1915ರಲ್ಲಿ. ಹದಿನೆಂಟು ವರ್ಷ! ಮರುವರ್ಷವೇ ನಿವೃತ್ತಿ.

ಆ ಹದಿನೆಂಟು ವರ್ಷ ಅವಳು ಏನು ಮಾಡಿದಳು ಅನ್ನುವುದೇ ನನಗೆ ಮುಖ್ಯ. ಕೆಲವರಿಗೆ ಜಿಗಿತ ಹುಟ್ಟಿನಿಂದಲೇ ಬಂದಿರುತ್ತದೆ. ಹೇಗೆ ಜಿಗಿದೆ ಅಂತ ಕೇಳಿದರೆ ಅವರಿಗೆ ಹೇಳಲು ಬರುವುದಿಲ್ಲ. ವಗಾನೋವಾಗೆ ಯಾವುದೂ ಸುಮ್ನೆ ಬರಲಿಲ್ಲ. ಹಾಗಾಗಿ ಪ್ರತಿ ಹೆಜ್ಜೆಯನ್ನೂ ಬಿಚ್ಚಿ ನೋಡಿದಳು. ಇಟಲಿಯ ಕಲಾವಿದರಿಗೆ ಆ ಬಲ ಎಲ್ಲಿಂದ ಬರುತ್ತದೆ, ಫ್ರೆಂಚರ ಕೈಗಳಿಗೆ ಆ ಮೃದುತನ ಎಲ್ಲಿಂದ, ಬೆನ್ನು ಸರಿ ನಿಂತರೆ ಕಾಲಿನ ಕೆಲಸ ಎಷ್ಟು ಹಗುರ ಆಗುತ್ತದೆ ಎಂದು ಹುಡುಕಿದಳು. 1917ರ ಕ್ರಾಂತಿಯ ನಂತರದ ಕಷ್ಟದ ದಿನಗಳಲ್ಲಿ ಕಲಿಸಲು ನಿಂತಾಗ ಕೈಯಲ್ಲಿದ್ದ ಬಂಡವಾಳ ಅದೊಂದೇ. 1921ರಲ್ಲಿ ತಾನು ಕಲಿತ ಶಾಲೆಗೇ ಶಿಕ್ಷಕಿಯಾಗಿ ಹೋದಳು. 1925ರಲ್ಲಿ ಅವಳ ಕೈಯಿಂದ ಮರೀನಾ ಸೆಮ್ಯೊನೊವಾ ಹೊರಬಂದಳು, 1928ರಲ್ಲಿ ಗಲೀನಾ ಉಲಾನೊವಾ. ಇಬ್ಬರೂ ಜಗತ್ತೇ ಕಂಡು ಬೆರಗಾದ ಕಲಾವಿದೆಯರು. 1934ರಲ್ಲಿ ಅವಳು ಬರೆದ ಪಾಠದ ಪುಸ್ತಕ ಇವತ್ತಿಗೂ ಬಳಕೆಯಲ್ಲಿದೆ. ತೀರಿಕೊಂಡಿದ್ದು 1951ರಲ್ಲಿ. 1957ರಲ್ಲಿ ಆ ಶಾಲೆಗೆ ಅವಳದೇ ಹೆಸರಿಟ್ಟರು. ನಿಮ್ಮ ಮಗಳಿಗೆ ಈ ಹೆಸರು ಗೊತ್ತೇ ಇರುತ್ತದೆ. ಸಂಜೆ ಕೂತು ಕೇಳಿ, ನನಗಿಂತ ಜಾಸ್ತಿ ಹೇಳುತ್ತಾಳೆ.

ಇನ್ನೊಬ್ಬರು ನಿನೆಟ್ ಡಿ ವಾಲ್ವಾ. ಐರ್ಲೆಂಡಿನಲ್ಲಿ ಹುಟ್ಟಿದವರು. ರಷ್ಯಾದ ದ್ಯಾಗಿಲೆವ್ ಅವರು ಕಟ್ಟಿದ ಹೆಸರುವಾಸಿ ಬ್ಯಾಲೆ ತಂಡದಲ್ಲಿ ಕುಣಿಯುತ್ತಿದ್ದಾಗ, ಚಿಕ್ಕಂದಿನಲ್ಲಿ ಯಾರಿಗೂ ತಿಳಿಯದಂತೆ ಪೋಲಿಯೋ ಬಂದು ಹೋಗಿತ್ತು ಎಂದು ಡಾಕ್ಟರು ಕಂಡುಹಿಡಿದರು. ಆಗ ಅವರಿಗಿನ್ನೂ ಮೂವತ್ತು ಆಗಿರಲಿಲ್ಲ. ತಂಡ ಬಿಟ್ಟು ಬಂದು 1926ರಲ್ಲಿ ಲಂಡನ್ನಿನಲ್ಲಿ ಹುಡುಗಿಯರಿಗಾಗಿ ಒಂದು ನೃತ್ಯಶಾಲೆ ತೆರೆದರು. ಬ್ರಿಟನ್ನಿನ ದೊಡ್ಡ ಬ್ಯಾಲೆ ತಂಡವಾದ ಇವತ್ತಿನ ರಾಯಲ್ ಬ್ಯಾಲೆಯ ಬೇರು ಅವರು ಆಗ ಶುರು ಮಾಡಿದ ಕೆಲಸದಲ್ಲಿದೆ.

ಅಷ್ಟು ದೂರ ಯಾಕೆ ಹೋಗಬೇಕು, ಅಲ್ವಾ? ನಾನು ಜೇವರ್ಗಿ ಕಡೆಯ ಹಳ್ಳಿಯವನು. ರಾಶಿ ಮುಗಿದ ಮೇಲೆ ನಮ್ಮೂರಲ್ಲಿ ದೊಡ್ಡಾಟದ ತಾಲೀಮು ನಡೆಯುತ್ತಿತ್ತು. ಹಗಲೆಲ್ಲ ಹೊಲದಲ್ಲಿ ದುಡಿದವರು ರಾತ್ರಿ ಭೀಮ, ಅರ್ಜುನ ಆಗಲು ಬರುತ್ತಿದ್ದರು. ಆಟದ ಮಾಸ್ತರಿಗೆ ಮೊಣಕಾಲು ಹೋಗಿತ್ತು. ಕಟ್ಟೆಯ ಮೇಲೆ ಕೂತು ಕೋಲಿನಿಂದ ತಾಳ ಬಡಿಯುತ್ತಿದ್ದರು. ಕಾಲಿಟ್ಟ ಸದ್ದು ಕೇಳಿಯೇ, ತಲೆ ಕೂಡ ಎತ್ತದೆ, "ಎಡಗಾಲು ತಡ ಆತು" ಅನ್ನುತ್ತಿದ್ದರು. ಅವರ ಊಟಕ್ಕೆ ದಿನಕ್ಕೊಂದು ಮನೆಯ ಪಾಳಿ. ನಮ್ಮ ಮನೆಯ ಪಾಳಿ ಬಂದ ದಿನ ಅವ್ವ ಹೋಳಿಗೆ ಮಾಡುತ್ತಿದ್ದಳು. ಅವರನ್ನು ಕುಣಿಯಲಾಗದವರು ಅಂತ ಊರಲ್ಲಿ ಒಬ್ಬರೂ ಅಂದದ್ದು ನಾನು ಕೇಳಿಲ್ಲ. ಓಣಿಯವರು ಮತ್ತೆ ಮಾತೆತ್ತಿದರೆ ಅವರವರ ಊರಿನ ಆಟದ ಮಾಸ್ತರನ್ನು ನೆನಪಿಸಿ.

ಕಲಬುರಗಿಯಲ್ಲಿ ಬ್ಯಾಲೆ ಯಾರಿಗೆ ಬೇಕು ಎಂದು ಕೇಳಿದ್ದೀರಿ. ನವಿ ಮುಂಬೈಯ ಒಬ್ಬ ವೆಲ್ಡರ್ ಮಗ ಅಮೀರುದ್ದೀನ್ ಶಾ. ಇಸ್ರೇಲಿನಿಂದ ಬಂದು ಮುಂಬೈಯಲ್ಲಿ ಕಲಿಸುತ್ತಿದ್ದ ಯಹೂದಾ ಮಾವೋರ್ ಎಂಬ ಗುರು ಅವನನ್ನು ಗುರುತಿಸಿದರು. 2017ರಲ್ಲಿ ಹುಡುಗ ಲಂಡನ್ನಿನ ರಾಯಲ್ ಬ್ಯಾಲೆ ಸ್ಕೂಲಿಗೆ ಹೋದ. ಆ ಮನೆಯಲ್ಲೂ ಬ್ಯಾಲೆ ಯಾರಿಗೂ ಬೇಕಾಗಿರಲಿಲ್ಲ. ಕಲಿಸುವವರು ಹತ್ತಿರದಲ್ಲಿದ್ದರು, ಹುಡುಗನಿಗೆ ಆಸೆ ಹುಟ್ಟಿತು. ನಿಮ್ಮ ಮಗಳ ಹತ್ತಿರ ಬರುವ ಮಕ್ಕಳೆಲ್ಲ ಲಂಡನ್ನಿಗೆ ಹೋಗುತ್ತಾರೆ ಅಂತ ನಾನು ಹೇಳುತ್ತಿಲ್ಲ. ಹೋಗಬೇಕಾಗಿಯೂ ಇಲ್ಲ. ಬೆನ್ನು ನೆಟ್ಟಗೆ ಇಟ್ಟು, ತಾಳ ಕೇಳಿ, ಕಾಲು ಇಡುವುದು ಬಂದರೆ ಆ ಮಗು ನಾಳೆ ಭರತನಾಟ್ಯ ಕಲಿತರೂ ಅದು ಕೆಲಸಕ್ಕೆ ಬರುತ್ತದೆ. 1936ರಲ್ಲಿ ಚೆನ್ನೈಯ ನೃತ್ಯಶಾಲೆ ಕಲಾಕ್ಷೇತ್ರ ಕಟ್ಟಿದ ರುಕ್ಮಿಣಿದೇವಿ ಅರುಂಡೇಲ್ ಕೂಡ ಮೊದಲು ಕಲಿತದ್ದು ಬ್ಯಾಲೆ. ರಷ್ಯಾದ ಹೆಸರಾಂತ ಬ್ಯಾಲೆ ಕಲಾವಿದೆ ಅನ್ನಾ ಪಾವ್ಲೋವಾ ಅವರ ತಂಡದ ಕ್ಲಿಯೋ ನಾರ್ಡಿ ಅವರಿಗೆ ಕಲಿಸಿದ್ದರು.

ನನಗೆ ನಿಜವಾಗಿ ಚಿಂತೆ ಇರುವುದು ನಿಮ್ಮ ಪಡಸಾಲೆಯ ನೆಲದ ಬಗ್ಗೆ. ಶಹಾಬಾದ್ ಕಲ್ಲು ಹಾಸಿದೆ ಅಂತ ಬರೆದಿದ್ದೀರಿ. ಬೇಸಿಗೆಗೆ ತಂಪು, ಆದರೆ ಅದರ ಮೇಲೆ ಮಕ್ಕಳನ್ನು ಜಿಗಿಸಬಾರದು. ಕಲ್ಲು ಒಂದಿಷ್ಟೂ ಬಗ್ಗುವುದಿಲ್ಲ, ಪೆಟ್ಟೆಲ್ಲ ವಾಪಸು ಪಾದದ ಕೀಲಿಗೆ, ಮುಂಗಾಲಿನ ಮೂಳೆಗೆ, ಮೊಣಕಾಲಿಗೆ ಹೋಗುತ್ತದೆ. ಮಗಳ ಕಾಲಿನ ಕಥೆ ನಿಮಗೇ ಗೊತ್ತು. ಬ್ಯಾಲೆ ಕಲಿಸುವ ಕಡೆ ಕೆಳಗೆ ಮರದ ಪಟ್ಟಿಗಳನ್ನು ಅಡ್ಡಡ್ಡ ಹಾಕಿ, ನಡುವೆ ಗಾಳಿಗೆ ಜಾಗ ಬಿಟ್ಟು, ಮೇಲೆ ಹಲಗೆ ಕೂರಿಸುತ್ತಾರೆ. ನೆಲ ತುಸು ಕುಣಿಯುತ್ತದೆ. ಒಳ್ಳೆಯ ಬಡಿಗೇರರಿಗೆ ಮಗಳು ಕೂತು ವಿವರಿಸಿದರೆ ಮಾಡಿಕೊಡುತ್ತಾರೆ. ಇಡೀ ಪಡಸಾಲೆ ಬೇಡ, ಅರ್ಧ ಸಾಕು. ಅದು ಆಗುವ ತನಕ ಗೋಡೆಗೆ ಸೊಂಟದ ಎತ್ತರದಲ್ಲಿ ಒಂದು ಪೈಪು ಹಾಕಿಸಿ. ಅದನ್ನು ಹಿಡಿದು ಮಾಡುವ ಪಾಠವೇ ತಿಂಗಳುಗಟ್ಟಲೆ ಇರುತ್ತದೆ. ಏಪ್ರಿಲ್, ಮೇನಲ್ಲಿ ಬೆಳಿಗ್ಗೆ ಆರೂವರೆಗೇ ಕ್ಲಾಸು ಇಟ್ಟುಕೊಳ್ಳಲಿ. ನಮ್ಮ ಬಿಸಿಲಿಗೆ ಸಂಜೆ ಐದೂ ಮಧ್ಯಾಹ್ನವೇ.

ಇನ್ನೊಂದು ಮಾತು. ಫೀಸು ತೆಗೆದುಕೊಳ್ಳಲಿ. ಪರಿಚಯದವರ ಮಕ್ಕಳು ಅಂತ ಬಿಟ್ಟಿ ಕಲಿಸಲು ಶುರು ಮಾಡಿದರೆ ಆಮೇಲೆ ಕೇಳಲು ಆಗುವುದಿಲ್ಲ. ಮೂರು ತಿಂಗಳಿಗೇ ಶಾಲೆಯ ಗ್ಯಾದರಿಂಗಿಗೆ ಡ್ಯಾನ್ಸ್ ತಯಾರು ಮಾಡಿ ಅಂತ ಬರುವವರಿಗೆ ಇಲ್ಲ ಅನ್ನುವ ಧೈರ್ಯ ಅವಳಿಗೆ ಬೇಕು. ಆಗ ನೀವು ಅವಳ ಪಕ್ಕದಲ್ಲಿ ನಿಲ್ಲಿ.

ಟ್ರಂಕಿನ ಬೂಟುಗಳನ್ನು ಹೊರಗೆ ತೆಗೆಯಿರಿ, ಆದರೆ ಅವಳನ್ನು ಕೇಳಿ ತೆಗೆಯಿರಿ. ಕ್ಲಾಸಿಗೆ ಬರುವ ಮಕ್ಕಳು ಮೊದಲ ದಿನವೇ ಅವನ್ನು ಕೇಳುತ್ತಾರೆ, ತುದಿಯಲ್ಲಿ ಕಟ್ಟಿಗೆ ಇದೆ ಅಂದುಕೊಂಡಿರುತ್ತಾರೆ. ಬಟ್ಟೆ, ಕಾಗದ, ಅಂಟು ಪದರಪದರವಾಗಿ ಸೇರಿ ಗಟ್ಟಿಯಾದದ್ದು ಅದು. ಮುಟ್ಟಿ ನೋಡಲಿ. ಹಾಕಿಕೊಳ್ಳುವುದು ಮಾತ್ರ ಬೇಡ. ಕೆಲವು ವರ್ಷ ಕಲಿತು, ಹನ್ನೊಂದು ಹನ್ನೆರಡು ವಯಸ್ಸಾಗಿ, ಪಾದ ಗಟ್ಟಿಯಾದ ಮೇಲೆ ಯಾವ ಮಗು ಸಿದ್ಧ ಎಂದು ನಿಮ್ಮ ಮಗಳು ಹೇಳುತ್ತಾಳೆ.