ಎಂಎಸ್‌ವಿಸಿಪಿ140.ಡಿಎಲ್‌ಎಲ್ ಸಿಗುತ್ತಿಲ್ಲ ಎಂದರೆ ಮೊದಲು ಅಳಿಸಿ, ಆಮೇಲೆ ಹಾಕಿ

ನೀವು ಹೇಳಿದ್ದು ಇಷ್ಟು: ಮಾಟುಂಗಾದ ಹೋಟೆಲಿನ ಗಲ್ಲಾ ಕಂಪ್ಯೂಟರಿನಲ್ಲಿ ಬಿಲ್ಲಿಂಗ್ ಸಾಫ್ಟ್‌ವೇರ್ ತೆರೆದರೆ ಎಂಎಸ್‌ವಿಸಿಪಿ140.ಡಿಎಲ್‌ಎಲ್ ಇಲ್ಲ ಎಂದು ಬರುತ್ತಿತ್ತು. ನಿಮ್ಮ ಭಾವ ಯಾವುದೋ ಸೈಟಿನಿಂದ ಆ ಫೈಲ್ ಇಳಿಸಿ ವಿಂಡೋಸಿನ ಸಿಸ್ಟಮ್32 ಫೋಲ್ಡರಿಗೆ ಹಾಕಿದರು, ಏನೂ ಆಗಲಿಲ್ಲ. ಸಾಫ್ಟ್‌ವೇರಿನ ಫೋಲ್ಡರಿಗೇ ಹಾಕಿದ ಮೇಲೆ 0ಎಕ್ಸ್‌ಸಿ000007ಬಿ ಎಂಬ ಹೊಸ ಎರರ್. ಲ್ಯಾಮಿಂಗ್ಟನ್ ರೋಡಿನ ಕಂಪ್ಯೂಟರ್ ಅಂಗಡಿಯವರು ಫಾರ್ಮ್ಯಾಟ್ ಮಾಡಬೇಕು ಅಂದಿದ್ದಾರೆ.

ಫಾರ್ಮ್ಯಾಟ್ ಬೇಡ.

ಡಿಎಲ್‌ಎಲ್ ಎಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡು. ಇಡ್ಲಿಗೂ ವಡೆಗೂ ಒಂದೇ ಪಾತ್ರೆಯ ಸಾಂಬಾರ್ ಹೋಗುವ ಹಾಗೆ. ಸಾಂಬಾರ್ ಖಾಲಿಯಾದರೆ ಇಡ್ಲಿ ಕೆಟ್ಟಿದೆ ಎಂದಲ್ಲವಲ್ಲ, ನಿಮ್ಮ ಬಿಲ್ಲಿಂಗ್ ಸಾಫ್ಟ್‌ವೇರೂ ಕೆಟ್ಟಿಲ್ಲ.

ಎಡವಟ್ಟಾಗಿದ್ದು 32 ಬಿಟ್, 64 ಬಿಟ್ ಗೊಂದಲದಿಂದ. ಇವು ಪ್ರೋಗ್ರಾಂಗಳ ಎರಡು ಬಗೆ, ಒಂದರ ಡಿಎಲ್‌ಎಲ್ ಇನ್ನೊಂದಕ್ಕೆ ಆಗದು. 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿರುವುದು 64 ಬಿಟ್ ಫೈಲುಗಳು; 32 ಬಿಟ್ ಫೈಲುಗಳು ಸಿಸ್‌ವಾವ್64ರಲ್ಲಿ. ಹೆಸರು ತಲೆಕೆಳಗು, ಹಳೆಯ ಪ್ರೋಗ್ರಾಂಗಳು ಮುರಿಯದಿರಲಿ ಎಂದು ಮೈಕ್ರೋಸಾಫ್ಟ್ ಹಾಗೇ ಉಳಿಸಿಕೊಂಡಿದೆ. ನಿಮ್ಮ ಸಾಫ್ಟ್‌ವೇರ್ ಬಹುಶಃ 32 ಬಿಟ್, ಅದು ಸಿಸ್ಟಮ್32ರ ಕಡೆ ಹೋದರೂ ವಿಂಡೋಸ್ ಅದನ್ನು ಸಿಸ್‌ವಾವ್64ಕ್ಕೆ ತಿರುಗಿಸಿಬಿಡುತ್ತದೆ. ಹಾಗಾಗಿ ಮೊದಲ ಪ್ರಯತ್ನಕ್ಕೆ ಫಲವಿಲ್ಲ. ಎರಡನೇ ಸಲ ಫೈಲ್ ಸಿಕ್ಕಿತು, ಆದರೆ ಅದು 64 ಬಿಟ್‌ನದು. 000007ಬಿ ಸಾಮಾನ್ಯವಾಗಿ ಈ ಬೆರಕೆಯಿಂದಲೇ ಬರುವುದು.

ಈಗ ಮಾಡಬೇಕಾದ್ದು. ಬಿಲ್ಲಿಂಗ್ ಡೇಟಾದ ಬ್ಯಾಕಪ್ ಪೆನ್‌ಡ್ರೈವಿಗೆ ತೆಗೆದುಕೊಳ್ಳಿ. ಭಾವ ಹಾಕಿದ ಎರಡೂ ಪ್ರತಿಗಳನ್ನು ಅಳಿಸಿ. ಇದನ್ನು ಬಿಟ್ಟರೆ ಮುಂದಿನದೆಲ್ಲ ವ್ಯರ್ಥ: ಪ್ರೋಗ್ರಾಂ ಮೊದಲು ಹುಡುಕುವುದು ತನ್ನದೇ ಫೋಲ್ಡರಿನಲ್ಲಿ, ಸರಿಯಾದದ್ದು ಬೇರೆಡೆ ಇದ್ದರೂ ಅಲ್ಲಿರುವ ತಪ್ಪು ಫೈಲನ್ನೇ ಎತ್ತಿಕೊಳ್ಳುತ್ತದೆ. ಸಿಸ್ಟಮ್32ರದ್ದನ್ನೂ ಬಿಡಬೇಡಿ, ಅದೇ ವರ್ಷನ್ ಅಥವಾ ಹೊಸದು ಅಲ್ಲಿದ್ದರೆ ಇನ್‌ಸ್ಟಾಲರ್ ಅದನ್ನು ಬದಲಿಸದೆ ಮುಂದೆ ಹೋಗಬಹುದು.

ಆಮೇಲೆ ಮೈಕ್ರೋಸಾಫ್ಟ್‌ನ ಸ್ವಂತ ಸೈಟಿನಿಂದ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಇಳಿಸಿ, ನಿಮಗೆ ಬೇಕಾದ ಡಿಎಲ್‌ಎಲ್ ಬರುವುದು ಈ ಪ್ಯಾಕೇಜಿನಲ್ಲೇ. 2015ರಿಂದ 2022ರವರೆಗಿನ ನಾಲ್ಕೂ ಆವೃತ್ತಿಗಳಿಗೆ ಒಂದೇ ಪ್ಯಾಕೇಜ್. ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡನ್ನೂ ಹಾಕಿ, ಎರಡೂ ಸೇರಿ 50 ಎಂಬಿಗಿಂತ ಕಡಿಮೆ. ಮೊದಲೇ ಇದೆ ಎಂದರೆ ರಿಪೇರ್ ಒತ್ತಿ. ರೀಸ್ಟಾರ್ಟ್ ಮಾಡಿ ನೋಡಿ.

ಎರರ್‌ನಲ್ಲಿ ಬೇರೆ ಡಿಎಲ್‌ಎಲ್ ಹೆಸರು ಬಂದರೆ ಅದರಲ್ಲಿರುವ ಅಂಕಿಯೇ ಸುಳಿವು. ಎಂಎಸ್‌ವಿಸಿಆರ್100ಕ್ಕೆ 2010ರ ಪ್ಯಾಕೇಜ್, 110ಕ್ಕೆ 2012ರದು, 120ಕ್ಕೆ 2013ರದು. ಡಿ3ಡಿಎಕ್ಸ್9_43 ಆದರೆ ಜೂನ್ 2010ರ ಡೈರೆಕ್ಟ್‌ಎಕ್ಸ್ ರನ್‌ಟೈಮ್, ಅದು ಆಟಗಳ ಸಂಗತಿ, ಗಲ್ಲಾ ಮೇಲೆ ಬರಬಾರದು!

ಎಲ್ಲರೂ ಹೇಳುವ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಎಂಬ ಆದೇಶ ವಿಂಡೋಸಿನ ಸ್ವಂತ ಫೈಲುಗಳನ್ನಷ್ಟೇ ಸರಿಪಡಿಸುತ್ತದೆ, ಇಲ್ಲಿ ಕೆಲಸಕ್ಕಿಲ್ಲ. ರೆಗ್‌ಎಸ್‌ವಿಆರ್32 ಆದೇಶವೂ ಅಷ್ಟೇ, ಅದು ವಿಂಡೋಸಿನಲ್ಲಿ ನೋಂದಾಯಿಸಬೇಕಾದ ಕಾಮ್ ಬಗೆಯ ಡಿಎಲ್‌ಎಲ್‌ಗಳಿಗೆ ಮಾತ್ರ.

ಎರರ್‌ನಲ್ಲಿ ಬರುವುದು ಬಿಲ್ಲಿಂಗ್ ಕಂಪನಿಯದೇ ಡಿಎಲ್‌ಎಲ್ ಹೆಸರಾದರೆ ಆಂಟಿವೈರಸ್‌ನ ಕ್ವಾರಂಟೈನ್ ಪಟ್ಟಿ (ಅನುಮಾನದ ಫೈಲುಗಳನ್ನು ಕೂಡಿಹಾಕುವ ಜಾಗ) ನೋಡಿ, ಎಷ್ಟೋ ಸಲ ಅಲ್ಲಿ ಕೂತಿರುತ್ತದೆ. ಅಲ್ಲೂ ಇಲ್ಲದಿದ್ದರೆ ಸಾಫ್ಟ್‌ವೇರನ್ನು ಮತ್ತೆ ಇನ್‌ಸ್ಟಾಲ್ ಮಾಡಿ. ಹೆಸರಿನ ಕೊನೆಗೆ ಡಿ ಅಕ್ಷರವಿದ್ದರೆ, ಅಂದರೆ ಎಂಎಸ್‌ವಿಸಿಪಿ140ಡಿ ಎಂದಿದ್ದರೆ, ನೀವು ಮಾಡುವಂಥದ್ದೇನೂ ಇಲ್ಲ. ಕಂಪನಿಯವರು ಪರೀಕ್ಷೆಗೆ ಇಟ್ಟುಕೊಂಡ ಡಿಬಗ್ ಪ್ರತಿಯನ್ನೇ ನಿಮಗೆ ಕೊಟ್ಟಿದ್ದಾರೆ. ಫೋನ್ ಮಾಡಿ ರಿಲೀಸ್ ಪ್ರತಿ ಕೇಳಿ.